ತಲೆಯ ಮೇಲೆ ಕೈ

ಫುಟ್‌ಬಾಲ್ ಸಾಕ್ಷ್ಯಚಿತ್ರ ಯಾವುದೇ ಇರಲಿ, ಎದುರಾಳಿ ಗೋಲು ಹೊಡೆದ ಕೂಡಲೇ ಒಬ್ಬ ನಡುವಯಸ್ಸಿನ ಗಂಡಸು ತಲೆಯ ಮೇಲೆ ಕೈಹೊತ್ತು ನಿಲ್ಲಲೇಬೇಕು. ಆಟಗಾರನಿಗೆ ಸಂಬಳ, ಕೋಚ್‌ಗೆ ಸಂಬಳ, ಕ್ಯಾಮೆರಾ ಹಿಡಿದವನಿಗೂ ಸಂಬಳ. ಇವನೊಬ್ಬ ಮಾತ್ರ ಟಿಕೆಟ್ಟಿಗೆ ದುಡ್ಡು ತೆತ್ತು ಪುಕ್ಕಟೆ ಅತ್ತು ಹೋಗುತ್ತಾನೆ. ಮುಂದಿನ ದೃಶ್ಯದಲ್ಲಿ ಅವನ ಪತ್ತೆಯೇ ಇರುವುದಿಲ್ಲ. ನನಗಿದು ಹಳೆಯ ಕಿರಿಕಿರಿ.

‘ಸಂಡರ್‌ಲ್ಯಾಂಡ್ ಟಿಲ್ ಐ ಡೈ’ ಸರಣಿಯಲ್ಲಿ ಮಾತ್ರ ಈ ಲೆಕ್ಕ ಬುಡಮೇಲಾಯಿತು. 2017ರಲ್ಲಿ ಪ್ರೀಮಿಯರ್ ಲೀಗಿನಿಂದ ಜಾರಿದ ಸಂಡರ್‌ಲ್ಯಾಂಡ್ ಕ್ಲಬ್ಬು ಮತ್ತೆ ಏರುವುದನ್ನು ಹಿಡಿಯೋಣವೆಂದು ಕ್ಯಾಮೆರಾ ಹೋಯಿತು. ಕ್ಲಬ್ಬು ಮರುವರ್ಷವೇ ಇನ್ನೊಂದು ಮೆಟ್ಟಿಲು ಕೆಳಗುರುಳಿತು. ಕೋಚ್ ಹೋದರು, ಮಾಲೀಕರು ಹೋದರು, ಆಟಗಾರರು ಗಂಟುಮೂಟೆ ಕಟ್ಟಿದರು. ಕೊನೆಗೆ ಚಿತ್ರದವರ ಕೈಗೆ ಉಳಿದದ್ದು ಟ್ಯಾಕ್ಸಿ ಓಡಿಸುವ ಅಭಿಮಾನಿ, ಕ್ಲಬ್ಬಿನ ಅಡುಗೆಯಾಕೆ, ತಂಡಕ್ಕಾಗಿ ಚರ್ಚಿನಲ್ಲಿ ಪ್ರಾರ್ಥಿಸುವ ಪಾದ್ರಿ. ಬೇರೆ ದಾರಿಯಿಲ್ಲದೆ ಇವರೇ ನಾಯಕರಾದರು. ಚಿತ್ರ ತೆಗೆದ ‘ಫುಲ್‌ವೆಲ್ 73’ ಸಂಸ್ಥೆಯೂ ಹೊರಗಿನದಲ್ಲ. ಕ್ಲಬ್ಬಿನ ಹಳೆಯ ಮೈದಾನದ ಒಂದು ತುದಿಯನ್ನೂ ಲೀಡ್ಸ್ ತಂಡವನ್ನು ಮಣಿಸಿ ಎಫ್‌ಎ ಕಪ್ ಗೆದ್ದ 1973ನ್ನೂ ಸೇರಿಸಿ ಇಟ್ಟ ಹೆಸರು ಅದು.

ಸಂಡರ್‌ಲ್ಯಾಂಡ್ ಊರಿನ ಕ್ರೀಡಾಂಗಣ ಇರುವುದು ಗಣಿಯ ನೆಲದಲ್ಲಿ. ಮಂಕ್‌ವೇರ್‌ಮೌತ್ ಕಲ್ಲಿದ್ದಲ ಗಣಿ 1993ರಲ್ಲಿ ಮುಚ್ಚಿತು; 1997ರಲ್ಲಿ ಅಲ್ಲೇ ‘ಸ್ಟೇಡಿಯಂ ಆಫ್ ಲೈಟ್’ ತೆರೆಯಿತು. ಹೊರಗಡೆ ಗಣಿಗಾರರ ಡೇವಿ ದೀಪದ ದೊಡ್ಡ ಪ್ರತಿರೂಪವಿದೆ. ವೇರ್ ನದಿಯ ದಡದ ಹಡಗುಕಟ್ಟೆಗಳು ಅದಕ್ಕೂ ಮೊದಲೇ ಬಾಗಿಲು ಹಾಕಿದ್ದವು. ಅಪ್ಪಂದಿರು ಇಳಿಯುತ್ತಿದ್ದ ಜಾಗದಲ್ಲಿ ಮಕ್ಕಳು ಕುರ್ಚಿಯಲ್ಲಿ ಕೂತಿದ್ದಾರೆ. ಅವರನ್ನು ಬರೀ ಪ್ರೇಕ್ಷಕರೆಂದು ಕರೆಯುವುದು ಹೇಗೆ? ಇನ್ನು ಆ ಕುರ್ಚಿಗಳ ಕಥೆ. ಕೆಂಪಗಿದ್ದವು ಬಿಸಿಲಿಗೆ ಬಣ್ಣಗೆಟ್ಟು ಗುಲಾಬಿಯಾಗಿದ್ದವು. (ಇಂಗ್ಲೆಂಡಿನ ಈಶಾನ್ಯ ಮೂಲೆಗೆ ಅಷ್ಟು ಬಿಸಿಲು ಎಲ್ಲಿಂದ ಬಂತೋ!) 2018ರ ಬೇಸಿಗೆಯಲ್ಲಿ, ತಂಡ ಮೂರನೇ ದರ್ಜೆಯಾದ ಲೀಗ್ ಒನ್‌ಗೆ ಬಿದ್ದ ಹೊತ್ತಿನಲ್ಲೇ, ಅಭಿಮಾನಿಗಳು ತಾವಾಗಿ ಬಂದು ಹಳೆಯವನ್ನು ಬಿಚ್ಚಿ ಹೊಸ ಕೆಂಪು ಕುರ್ಚಿ ಕೂರಿಸಿದರು. ಜಾತ್ರೆಗೆ ಮೊದಲು ನಮ್ಮ ಊರವರು ತೇರಿನ ಗಾಲಿ, ಹಗ್ಗ ನೋಡಿಕೊಳ್ಳುವ ಹಾಗೆ. ಕೂಲಿ ಕೇಳಿದವರಿಲ್ಲ. ಕೂತು ನೋಡಬೇಕಾದದ್ದು ಸೋಲೇ ಇರಬಹುದೆಂದು ಗೊತ್ತಿದ್ದೂ ಕುರ್ಚಿ ಬಿಗಿ ಮಾಡಿದ ಆ ಜನರ ಮೇಲೆಯೇ ಒಂದು ಪೂರ್ತಿ ಚಿತ್ರ ತೆಗೆಯಬಹುದಿತ್ತು.

ಅದೇ ವರ್ಷ ಕ್ರಿಸ್‌ಮಸ್ ಮರುದಿನ ಬ್ರಾಡ್‌ಫರ್ಡ್ ವಿರುದ್ಧದ ಪಂದ್ಯಕ್ಕೆ 46,039 ಜನ ಸೇರಿದರು. ಲೀಗ್ ಒನ್‌ಗೆ ಅದು ದಾಖಲೆ. ಸರಣಿಯ ಎರಡನೇ ಭಾಗದಲ್ಲಿ ಆಡಳಿತದವರು ಈ ದಾಖಲೆಗಾಗಿ ಹಪಹಪಿಸುವುದನ್ನು ನೋಡಿದರೆ, ಜನ ಬಂದದ್ದು ತಮ್ಮ ಜಾಹೀರಾತಿಗೇ ಎಂದು ಅವರು ನಂಬಿದಂತಿತ್ತು. ನಂಬಲಿ, ಪಾಪ.

2025ರ ಮೇನಲ್ಲಿ ಸಂಡರ್‌ಲ್ಯಾಂಡ್ ವೆಂಬ್ಲಿಯಲ್ಲಿ ಶೆಫೀಲ್ಡ್ ಯುನೈಟೆಡ್ ತಂಡವನ್ನು ಕೊನೆಗಳಿಗೆಯ ಗೋಲಿನಿಂದ ಸೋಲಿಸಿ ಪ್ರೀಮಿಯರ್ ಲೀಗಿಗೆ ಮರಳಿತು. ಕ್ಯಾಮೆರಾ ಹೊರಟದ್ದು ಇದನ್ನೇ ಹಿಡಿಯಲು. ಆದರೆ ಸರಣಿ 2024ರಲ್ಲೇ ಮುಗಿದಿತ್ತು.