ಹರಳು ಅವನದು, ಬೆಳಕು?

ಟೋಲ್ಕಿನ್ ತೀರಿಕೊಂಡಿದ್ದು 1973ರಲ್ಲಿ. ಮಗ ಕ್ರಿಸ್ಟೋಫರ್ ಅಪ್ಪನ ಹಸ್ತಪ್ರತಿಗಳನ್ನು ಜೋಡಿಸಿ 'ದಿ ಸಿಲ್ಮರಿಲಿಯನ್' ಹೊರತಂದಿದ್ದು 1977ರಲ್ಲಿ. ಅದರಲ್ಲಿ ಬರುವ ಮೂರು ಹರಳುಗಳು ನನ್ನನ್ನು ಇನ್ನೂ ಬಿಟ್ಟಿಲ್ಲ.

ಸೂರ್ಯಚಂದ್ರರು ಹುಟ್ಟುವ ಮೊದಲು ವ್ಯಾಲಿನೋರ್ ಎಂಬ ನಾಡಿಗೆ ಎರಡು ಮರಗಳದ್ದೇ ಬೆಳಕು. ಫೆಯನೋರ್ ಎಂಬ ಕುಶಲಿ ಆ ಬೆಳಕನ್ನು ಹರಳಿನೊಳಗೆ ಹಿಡಿದಿಟ್ಟ. ಅವೇ ಸಿಲ್ಮರಿಲ್‌ಗಳು. ಮುಂದೆ ವೈರಿಯೊಬ್ಬ ಮರಗಳನ್ನು ಕೊಂದ. ಹರಳು ಒಡೆದು ಬೆಳಕು ಕೊಟ್ಟರೆ ಮರಗಳು ಬದುಕುತ್ತವೆ ಅಂತ ದೇವತೆಗಳು ಕೇಳಿದಾಗ ಈತ ಒಲ್ಲೆ ಅಂದ. ಇಂಥದ್ದನ್ನು ಮತ್ತೆ ಮಾಡಲು ತನ್ನಿಂದಾಗದು ಅನ್ನೋದು ಅವನ ಸಂಕಟ.

ನಿಜ ಹೇಳ್ತೀನಿ, ಇಲ್ಲೀವರೆಗೂ ನಾನು ಅವನ ಪರ. ಜೀವಮಾನದಲ್ಲಿ ಒಂದೇ ಸಲ ಕೈಗೂಡಿದ್ದನ್ನು ಒಡೆದು ಕೊಡು ಅಂದ್ರೆ ಯಾರು ಕೊಡ್ತಾರೆ ಹೇಳಿ?

ಆದರೆ ಹರಳು ಅವನದ್ದಾದರೂ ಬೆಳಕು ಅವನದ್ದಲ್ಲವಲ್ಲ! ತಮಾಷೆ ನೋಡಿ, ಅಷ್ಟರಲ್ಲಿ ಅದೇ ವೈರಿ ಅವನ ಕೋಣೆಯಿಂದ ಹರಳುಗಳನ್ನು ಕದ್ದಾಗಿತ್ತು. ಅವಕ್ಕಾಗಿ ಅಪ್ಪ ಮತ್ತು ಏಳು ಮಕ್ಕಳು ಆಣೆಯಿಟ್ಟು ತಮ್ಮವರನ್ನೇ ಕೊಂದರು. ಚೌತಿ ದಿನ ಕೇಳುವ ಶಮಂತಕ ಮಣಿಯ ಕಥೆಯಲ್ಲೂ ಹೆಣ ಬಿದ್ದಿದ್ದು ಹೀಗೇ ಅಲ್ವಾ?

ಕೊನೆಗೆ ಒಂದು ಹರಳು ಸಮುದ್ರ ಸೇರಿತು, ಒಂದು ಭೂಮಿಯೊಳಗಿನ ಬೆಂಕಿಗೆ ಬಿತ್ತು. ಮೂರನೆಯದು ಆಕಾಶದಲ್ಲಿ ನಕ್ಷತ್ರವಾಯಿತು. ಟೋಲ್ಕಿನ್ ಮನಸ್ಸಿನಲ್ಲಿದ್ದದ್ದು ಶುಕ್ರ, ಅಂದರೆ ನಮ್ಮ ಬೆಳ್ಳಿ. ಮುಂಬೈಯ ಮಬ್ಬು ಆಕಾಶದಲ್ಲೂ ಅದೊಂದು ಕಾಣುತ್ತೆ. ಯಾರನ್ನೂ ಕೇಳಬೇಕಿಲ್ಲ.