ತೊಟ್ಟಿಲ ರಾಜರ ನಾಡಿನಲ್ಲಿ

ಎಡಿನ್‌ಬರೋ ಕೋಟೆ ಒಂದು ಕಪ್ಪು ಬಂಡೆಯ ನೆತ್ತಿಯ ಮೇಲಿದೆ. ಆ ಬಂಡೆ ಎಂದೋ ಆರಿಹೋದ ಜ್ವಾಲಾಮುಖಿಯ ಗಂಟಲಂತೆ. ಕೋಟೆ ಎಂದಮೇಲೆ ಫಿರಂಗಿ, ಬುರುಜು, ಪಹರೆ ಎಲ್ಲ ಇದ್ದೇ ಇವೆ. ಆದರೆ ಒಳಗಿನ ಅರಮನೆಯಲ್ಲಿ ಒಂದು ಪುಟ್ಟ ಕೋಣೆಯಿದೆ. ನಮ್ಮ ಹಳೇ ಮನೆಗಳ ದೇವರ ಕೋಣೆಗಿಂತ ತುಸು ದೊಡ್ಡದು, ಅಷ್ಟೆ. ಗೋಡೆಗೆಲ್ಲ ಮರದ ಹಲಗೆ. 1566ರ ಜೂನ್ 19ರಂದು ಈ ಗೂಡಿನಂಥ ಕೋಣೆಯಲ್ಲಿ ಸ್ಕಾಟ್ಲೆಂಡಿನ ರಾಣಿ ಮೇರಿಗೆ ಗಂಡುಮಗು ಹುಟ್ಟಿತು. ಹದಿಮೂರು ತಿಂಗಳು ಕಳೆದಾಗ ಆ ಮಗು ಆರನೆಯ ಜೇಮ್ಸ್ ಎಂಬ ಹೆಸರಿನಲ್ಲಿ ರಾಜನಾಯಿತು. ಆಗ ಅದಕ್ಕೆ ಮೊದಲ ಹುಟ್ಟುಹಬ್ಬ ಮುಗಿದು ಒಂದು ತಿಂಗಳಾಗಿತ್ತು!

ಹದಿಮೂರು ತಿಂಗಳ ರಾಜ ಎಂದರೆ ನಿಮಗೆ ಆಶ್ಚರ್ಯವಾಗಬಹುದು ಮಕ್ಕಳೇ. ಸ್ಕಾಟ್ಲೆಂಡಿನವರಿಗೆ ಆಗುತ್ತಿರಲಿಲ್ಲ. 1406ರಿಂದ 1567ರವರೆಗೆ ಅಲ್ಲಿ ಒಬ್ಬರ ಹಿಂದೆ ಒಬ್ಬರಂತೆ ಏಳು ಮಂದಿ ಪಟ್ಟಕ್ಕೆ ಬಂದರು. ಏಳರಲ್ಲಿ ಒಬ್ಬರಿಗೂ ಹದಿನಾರು ತುಂಬಿರಲಿಲ್ಲ. ಮೊದಲನೆಯ ಜೇಮ್ಸ್‌ಗೆ 11 ವರ್ಷ. ಎರಡನೆಯವನಿಗೆ 6. ಮೂರನೆಯವನಿಗೆ ಎಂಟೋ ಒಂಬತ್ತೋ. ನಾಲ್ಕನೆಯವನೇ ಈ ಸಾಲಿನ ಹಿರಿಯ, 15 ವರ್ಷದವನು. ಐದನೆಯ ಜೇಮ್ಸ್‌ಗೆ 17 ತಿಂಗಳು. ಅವನ ಮಗಳು ಮೇರಿಗೆ ಬರೇ ಆರು ದಿನ, ನಾಮಕರಣಕ್ಕೂ ಮೊದಲೇ ಪಟ್ಟ ಎನ್ನಬೇಕು. ಕೊನೆಗೆ ನಮ್ಮ ಈ ಪುಟ್ಟ ಕೋಣೆಯ ಆರನೆಯ ಜೇಮ್ಸ್.

ಅಪ್ಪಂದಿರು ಏಕೆ ಅಷ್ಟು ಬೇಗ ಹೋದರು? ಒಬ್ಬನನ್ನು ಅವನ ವೈರಿಗಳು ಪರ್ತ್ ಊರಿನಲ್ಲಿ ನೆಲದಡಿಯ ಮೋರಿಯಲ್ಲಿ ಹಿಡಿದು ಕೊಂದರು. ಆ ಮೋರಿಯ ಬಾಯಿಂದ ಅವನು ತಪ್ಪಿಸಿಕೊಳ್ಳಬಹುದಿತ್ತು. ಆಟದ ಚೆಂಡುಗಳು ಒಳಗೆ ಬೀಳುತ್ತವೆಂದು ಕೆಲವೇ ದಿನಗಳ ಹಿಂದೆ ಅವನೇ ಅದನ್ನು ಮುಚ್ಚಿಸಿದ್ದನಂತೆ. ಇನ್ನೊಬ್ಬ ತನ್ನದೇ ಫಿರಂಗಿ ಸಿಡಿದು ಸತ್ತ. ಇಬ್ಬರು ಯುದ್ಧದಿಂದ ಹೋದರು. ಐದನೆಯ ಜೇಮ್ಸ್ ಇಂಗ್ಲೆಂಡಿನ ಕೈಯಲ್ಲಿ ಸೋತು, ಹಾಸಿಗೆ ಹಿಡಿದು, ಮೂವತ್ತನೆಯ ವಯಸ್ಸಿನಲ್ಲೇ ತೀರಿಕೊಂಡ.

ನಾನು ಬ್ಯಾಂಕಿನಲ್ಲಿ ಗುಮಾಸ್ತನಾಗಿದ್ದವನು. ಇದನ್ನೆಲ್ಲ ಓದುವಾಗ ನನಗೆ ನೆನಪಾದದ್ದು ಮೈನರ್ ಖಾತೆ. ಖಾತೆ ಮಗುವಿನ ಹೆಸರಿನಲ್ಲಿರುತ್ತದೆ, ಹಣವೂ ಮಗುವಿನದೇ. ಆದರೆ ಸಹಿ ಹಾಕುವವರು ಗಾರ್ಡಿಯನ್. ಮಗುವಿಗೆ ಹದಿನೆಂಟು ತುಂಬಿದ ದಿನ ಗಾರ್ಡಿಯನ್ನರ ಅಧಿಕಾರ ಮುಗಿಯಿತು. ಮಗನೋ ಮಗಳೋ ಬಂದು ಹೊಸದಾಗಿ ಮಾದರಿ ಸಹಿ ಕೊಡಬೇಕು. ಸ್ಕಾಟ್ಲೆಂಡಿನಲ್ಲಿ ಗಾರ್ಡಿಯನ್ನನಿಗೆ ರೀಜೆಂಟ್ ಎಂದು ಹೆಸರು. ನಮ್ಮ ಮೈಸೂರಿನಲ್ಲಿ 1799ರಲ್ಲಿ ಐದು ವರ್ಷದ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಪಟ್ಟ ಕಟ್ಟಿ, ದಿವಾನ್ ಪೂರ್ಣಯ್ಯನವರು ರಾಜ್ಯ ನೋಡಿಕೊಂಡರಲ್ಲ, ಹಾಗೆ. ಅಂದಹಾಗೆ, ಆ ಪಟ್ಟದ ಏರ್ಪಾಡು ಮಾಡಿದ ಬ್ರಿಟಿಷ್ ಆಯೋಗದ ಇಬ್ಬರು ಕಾರ್ಯದರ್ಶಿಗಳು ಥಾಮಸ್ ಮನ್ರೋ ಮತ್ತು ಜಾನ್ ಮಾಲ್ಕಮ್. ಇಬ್ಬರೂ ಸ್ಕಾಟ್ಲೆಂಡಿನವರು. ಮಗುವನ್ನು ಸಿಂಹಾಸನದ ಮೇಲೆ ಕೂರಿಸುವ ಕಥೆ ಅವರಿಗೆ ಹೊಸದಾಗಿರಲಾರದು.

ಎಡಿನ್‌ಬರೋದಲ್ಲಿ ನಮ್ಮ ಮಗಳ ಮನೆಯಿದೆ. ಅಲ್ಲಿಂದ ಸ್ಟರ್ಲಿಂಗ್‌ಗೆ ರೈಲಿನಲ್ಲಿ ಒಂದು ಗಂಟೆಯೂ ಬೇಡ. ದಾರಿಯಲ್ಲಿ ಲಿನ್‌ಲಿತ್‌ಗೋ ಎಂಬ ಊರು, ಕೆರೆಯ ದಂಡೆಯಲ್ಲಿ ಸೂರಿಲ್ಲದ ಒಂದು ದೊಡ್ಡ ಅರಮನೆ. 1746ರಲ್ಲಿ ಅದು ಬೆಂಕಿಗೆ ಆಹುತಿಯಾಯಿತು. ಐದನೆಯ ಜೇಮ್ಸ್ ಹುಟ್ಟಿದ್ದು ಅಲ್ಲಿ, ಮೇರಿ ಹುಟ್ಟಿದ್ದೂ ಅಲ್ಲಿ.

ಸ್ಟರ್ಲಿಂಗ್ ಕೋಟೆಯೂ ಬಂಡೆಯ ಮೇಲೆಯೇ. ರಾಜಮಕ್ಕಳನ್ನು ಭದ್ರವಾಗಿ ಇಡುತ್ತಿದ್ದದ್ದು ಇಲ್ಲಿ. ‘ಭದ್ರವಾಗಿ’ ಎಂದೆ. ಯಾರಿಂದ ಭದ್ರ ಎಂಬುದು ಪ್ರಶ್ನೆ. ಕಳ್ಳರಿಂದಲ್ಲ, ಶತ್ರು ರಾಜರಿಂದಲೂ ಅಷ್ಟಾಗಿ ಅಲ್ಲ. ಸ್ವಂತ ನಾಡಿನ ಸರದಾರರಿಂದ, ಕೆಲವೊಮ್ಮೆ ಸ್ವಂತ ಮನೆಯವರಿಂದ! ಮಗು ಯಾರ ಕೈಯಲ್ಲಿತ್ತೋ ರಾಜಮುದ್ರೆ ಅವರ ಕೈಯಲ್ಲಿ. ಭೂಮಿ ಹಂಚುವವರು, ಅಧಿಕಾರ ಕೊಡುವವರು ಅವರೇ.

ಐದನೆಯ ಜೇಮ್ಸ್‌ನ ಬಾಲ್ಯವನ್ನೇ ನೋಡಿ. ತಂದೆ ಫ್ಲಾಡನ್ ಯುದ್ಧದಲ್ಲಿ ಮಡಿದ ಮೇಲೆ ತಾಯಿ ಮಾರ್ಗರೆಟ್ ಆಂಗಸ್ ಎಂಬ ಸರದಾರನನ್ನು ಮರುಮದುವೆಯಾದಳು. 1525ರಲ್ಲಿ, ಹುಡುಗನಿಗೆ 13 ವರ್ಷವಾಗಿದ್ದಾಗ, ಸರದಾರರೆಲ್ಲ ಸೇರಿ ಒಂದು ಒಪ್ಪಂದ ಮಾಡಿಕೊಂಡರು: ರಾಜನನ್ನು ಒಂದೊಂದು ಗುಂಪು ಮೂರು ಮೂರು ತಿಂಗಳು ಸರದಿಯ ಮೇಲೆ ಇಟ್ಟುಕೊಳ್ಳುವುದು. ವಾರಾನ್ನದ ಹುಡುಗನನ್ನು ಮನೆಮನೆಗೆ ಕಳಿಸಿದ ಹಾಗೆ! ಮೊದಲ ಸರದಿ ಮಲತಂದೆ ಆಂಗಸ್‌ನದು. ಮೂರು ತಿಂಗಳು ಮುಗಿಯಿತು, ಅವನು ಹುಡುಗನನ್ನು ಬಿಟ್ಟುಕೊಡಲೇ ಇಲ್ಲ. ಸುಮಾರು ಮೂರು ವರ್ಷ ರಾಜ ತನ್ನದೇ ರಾಜ್ಯದಲ್ಲಿ ಕೈದಿ. 1528ರಲ್ಲಿ, ಹದಿನಾರನೆಯ ವಯಸ್ಸಿನಲ್ಲಿ, ಅವನು ತಪ್ಪಿಸಿಕೊಂಡು ಸ್ಟರ್ಲಿಂಗ್ ಕೋಟೆಗೆ ಬಂದು ಸೇರಿದ. ಕುದುರೆ ಲಾಯದ ಆಳಿನ ವೇಷ ಹಾಕಿಕೊಂಡಿದ್ದನೆಂದು ಕಥೆ.

ಕೋಟೆಯಿಂದ ಇಳಿದು ಬಂದರೆ ಹೋಲಿ ರೂಡ್ ಎಂಬ ಹಳೆಯ ಚರ್ಚು. ಆರನೆಯ ಜೇಮ್ಸ್‌ಗೆ 1567ರ ಜುಲೈ 29ರಂದು ಪಟ್ಟ ಕಟ್ಟಿದ್ದು ಇಲ್ಲಿ. ಮಗುವಿಗೆ ಮಾತು ಬರುವುದಿಲ್ಲವಲ್ಲ, ಅದರ ಪರವಾಗಿ ಪ್ರಮಾಣವಚನ ಸ್ವೀಕರಿಸಿದವನು ಮಾರ್ಟನ್ ಎಂಬ ಸರದಾರ. ಕಿರೀಟ ಆ ಪುಟ್ಟ ತಲೆಗೆ ಎಲ್ಲಿಂದ ಸರಿಹೊಂದಬೇಕು? ತಲೆಯ ಮೇಲೆ ಎತ್ತಿ ಹಿಡಿದರು. ಆ ಹೊತ್ತಿಗೆ ತಾಯಿ ಮೇರಿ ಲಾಕ್‌ಲೀವನ್ ಎಂಬಲ್ಲಿ ಕೆರೆಯ ನಡುವಿನ ಕೋಟೆಯಲ್ಲಿ ಸೆರೆಯಲ್ಲಿದ್ದಳು. ಐದು ದಿನಗಳ ಹಿಂದೆ ಅವಳಿಂದ ಬಲವಂತವಾಗಿ ಪದತ್ಯಾಗದ ಪತ್ರಕ್ಕೆ ಸಹಿ ಹಾಕಿಸಿಕೊಂಡಿದ್ದರು. ಮಗನಿಗೆ ಹತ್ತು ತಿಂಗಳಾಗಿದ್ದಾಗ ನೋಡಿದ್ದೇ ಕೊನೆ. ಆಮೇಲೆ ಇಪ್ಪತ್ತು ವರ್ಷ ಬದುಕಿದ್ದರೂ ಅವನ ಮುಖ ಅವಳು ಕಾಣಲಿಲ್ಲ. 1587ರಲ್ಲಿ ಇಂಗ್ಲೆಂಡಿನಲ್ಲಿ ಅವಳ ಶಿರಚ್ಛೇದವಾಯಿತು.

ಇಷ್ಟು ಹೇಳುವಾಗ ಪಕ್ಕದಲ್ಲಿದ್ದ ಮೊಮ್ಮಗಳು, “ತಾತ, ಆ ಮಗುವನ್ನು ಯಾರು ಎತ್ತಿಕೊಳ್ಳುತ್ತಿದ್ದರು?” ಎಂದಳು. ಒಳ್ಳೆಯ ಪ್ರಶ್ನೆ. ಇತಿಹಾಸದ ಪುಸ್ತಕಗಳು ರೀಜೆಂಟರ ಲೆಕ್ಕ ಕೊಡುತ್ತವೆ. ಮೊದಲನೆಯವನನ್ನು ಗುಂಡಿಟ್ಟು ಕೊಂದರು. ಎರಡನೆಯವನು ಮಗುವಿನ ಸ್ವಂತ ಅಜ್ಜ ಲೆನಾಕ್ಸ್. ಮೂರನೆಯವನು ಕಾಯಿಲೆಯಿಂದ ಸತ್ತ. ನಾಲ್ಕನೆಯವನು ಪ್ರಮಾಣವಚನ ಓದಿದ್ದ ಅದೇ ಮಾರ್ಟನ್, ಅವನ ಶಿರಚ್ಛೇದವನ್ನು 1581ರಲ್ಲಿ ಮಾಡಿದರು.

ಅಜ್ಜ ಲೆನಾಕ್ಸ್‌ನ ಸಂಗತಿ ಮಾತ್ರ ಸ್ವಲ್ಪ ವಿವರವಾಗಿ ಹೇಳಬೇಕು. 1571ರ ಆಗಸ್ಟ್‌ನಲ್ಲಿ ಸ್ಟರ್ಲಿಂಗ್‌ನಲ್ಲಿ ಸಂಸತ್ತು ಸೇರಿತು. ಐದು ವರ್ಷದ ರಾಜನನ್ನು ಕರೆತಂದು ಕೂರಿಸಿದರು. ದೊಡ್ಡವರ ಭಾಷಣ ನಡೆಯುತ್ತಿದ್ದಾಗ ಹುಡುಗ ಮೇಲೆ ನೋಡಿ, ಈ ಸಂಸತ್ತಿನಲ್ಲಿ ಒಂದು ತೂತಿದೆ ಎಂದನಂತೆ. ಸೂರಿನಲ್ಲಿ ಕಂಡ ತೂತನ್ನು ಹೇಳಿದ್ದು ಅಷ್ಟೆ. ಸಭೆಯವರು ಅಪಶಕುನವೆಂದು ಬೆಚ್ಚಿದರು. ಒಂದೇ ವಾರದಲ್ಲಿ ಎದುರು ಗುಂಪಿನವರು ಊರಿಗೆ ನುಗ್ಗಿ ಲೆನಾಕ್ಸ್‌ಗೆ ಗುಂಡು ಹೊಡೆದರು. ರಕ್ತ ಸುರಿಯುತ್ತಿದ್ದ ಅಜ್ಜನನ್ನು ಕೋಟೆಯೊಳಗೆ ಹೊತ್ತು ತಂದದ್ದನ್ನು ಹುಡುಗ ಕಣ್ಣಾರೆ ಕಂಡ.

ಹದಿನಾರು ವರ್ಷವಾದಾಗ ಅವನೂ ಸೆರೆ ಸಿಕ್ಕಿದ. 1582ರಲ್ಲಿ ಕೆಲವು ಸರದಾರರು ಪರ್ತ್ ಹತ್ತಿರದ ರತ್ವೆನ್ ಕೋಟೆಗೆ ಅವನನ್ನು ಊಟಕ್ಕೆ ಕರೆದು ಹಿಡಿದಿಟ್ಟುಕೊಂಡರು. ಹುಡುಗ ಅತ್ತ. ಗಡ್ಡ ಬಂದ ಗಂಡಸರು ಅಳುವುದಕ್ಕಿಂತ ಮಕ್ಕಳು ಅಳುವುದೇ ಮೇಲು ಎಂದು ಅವರಲ್ಲೊಬ್ಬ ಹೇಳಿದನಂತೆ. ಜೇಮ್ಸ್ ಆ ಮಾತನ್ನು ಮರೆಯಲಿಲ್ಲ ಎನ್ನುತ್ತಾರೆ. ಯಾರು ತಾನೇ ಮರೆತಾರು? ಹತ್ತು ತಿಂಗಳ ನಂತರ ತಪ್ಪಿಸಿಕೊಂಡ.

ಇಷ್ಟೆಲ್ಲ ಗೋಳಿಗಿಂತ ಯಾರಾದರೂ ಗಟ್ಟಿ ವಯಸ್ಕನನ್ನೇ ಆರಿಸಿಕೊಳ್ಳಬಾರದಿತ್ತೇ ಎಂದು ನಿಮಗೆ ಅನಿಸಬಹುದು. ನನಗೂ ಅನಿಸಿತ್ತು. ಉತ್ತರ ಇನ್ನೂ ಮುನ್ನೂರು ವರ್ಷ ಹಿಂದೆ ಇದೆ.

1286ರ ಮಾರ್ಚ್‌ನ ಒಂದು ಬಿರುಗಾಳಿಯ ರಾತ್ರಿ ಮೂರನೆಯ ಅಲೆಗ್ಸಾಂಡರ್ ದೊರೆ, ಬೇಡವೆಂದರೂ ಕೇಳದೆ, ಹೊಸ ರಾಣಿಯನ್ನು ನೋಡಲು ಕುದುರೆ ಹತ್ತಿ ಹೊರಟ. ಮರುದಿನ ಕಡಲ ದಂಡೆಯಲ್ಲಿ ಅವನ ಹೆಣ ಸಿಕ್ಕಿತು. ಮಕ್ಕಳೆಲ್ಲ ಮೊದಲೇ ತೀರಿಹೋಗಿದ್ದರು. ಉಳಿದದ್ದು ನಾರ್ವೆಯಲ್ಲಿದ್ದ ಮೂರು ವರ್ಷದ ಮೊಮ್ಮಗಳು, ಹೆಸರು ಮಾರ್ಗರೆಟ್. ಆರು ಮಂದಿ ಪಾಲಕರನ್ನು ಆರಿಸಿ ರಾಜ್ಯವನ್ನು ಅವಳ ಹೆಸರಿನಲ್ಲಿ ಕಾಪಾಡಿದರು. 1290ರಲ್ಲಿ ಅವಳನ್ನು ಹಡಗಿನಲ್ಲಿ ಕರೆತಂದರು. ಆ ಏಳು ವರ್ಷದ ಕೂಸು ದಾರಿಯಲ್ಲೇ, ಆರ್ಕ್ನಿ ದ್ವೀಪಗಳಲ್ಲಿ ತೀರಿಹೋಯಿತು.

ಆಗ ಎದ್ದರು ನೋಡಿ ದಾಯಾದಿಗಳು, ಹದಿಮೂರು ಮಂದಿ! ಗಟ್ಟಿಯಾದವರು ಇಬ್ಬರು. ಜಾನ್ ಬೇಲಿಯಲ್ ರಾಜವಂಶದ ಹಿರಿಯ ಮಗಳ ಮೊಮ್ಮಗ. ರಾಬರ್ಟ್ ಬ್ರೂಸ್ ಅದೇ ಮನೆಯ ಕಿರಿಯ ಮಗಳ ಮಗ. ಹಿರಿಯಳ ಮೊಮ್ಮಗ ಹೆಚ್ಚೋ, ಒಂದು ತಲೆಮಾರು ಹತ್ತಿರದ ಕಿರಿಯಳ ಮಗ ಹೆಚ್ಚೋ? ನಾಮಿನಿ ಇಲ್ಲದೆ ಸತ್ತವರ ಖಾತೆಯ ಮುಂದೆ ವಾರಸುದಾರರು ಹೀಗೆಯೇ ವಾದ ಮಾಡುವುದನ್ನು ಕೌಂಟರಿನ ಈಚೆ ಕುಳಿತು ಎಷ್ಟು ಕೇಳಿದ್ದೇನೋ! ಪಂಚಾಯ್ತಿಗೆ ಪಕ್ಕದ ಇಂಗ್ಲೆಂಡಿನ ದೊರೆ ಒಂದನೆಯ ಎಡ್ವರ್ಡ್‌ನನ್ನು ಕರೆದರು. ಮೊದಲು ನನ್ನನ್ನು ಮೇಲೊಡೆಯನೆಂದು ಒಪ್ಪಿ, ಆಮೇಲೆ ತೀರ್ಪು ಎಂದ ಅವನು. 1292ರಲ್ಲಿ ಬೇಲಿಯಲ್‌ಗೆ ಪಟ್ಟವಾಯಿತು. ನಾಲ್ಕು ವರ್ಷದಲ್ಲಿ ಎಡ್ವರ್ಡ್ ದಂಡೆತ್ತಿ ಬಂದು ಅವನನ್ನೂ ಇಳಿಸಿದ, ಸ್ಕಾಟ್ಲೆಂಡಿನ ರಾಜರು ಪಟ್ಟಕ್ಕೆ ಕೂರುತ್ತಿದ್ದ ಕಲ್ಲನ್ನೂ ಲಂಡನ್ನಿಗೆ ಹೊತ್ತುಕೊಂಡು ಹೋದ.

ಆಮೇಲೆ ವರ್ಷಗಟ್ಟಲೆ ಯುದ್ಧ. ನಮ್ಮ ಕಾಲದಲ್ಲಿ ಮೇಷ್ಟ್ರು ಹೇಳುತ್ತಿದ್ದ ಜೇಡದ ಕಥೆಯ ರಾಬರ್ಟ್ ಬ್ರೂಸ್ ಆ ಮೊದಲ ಬ್ರೂಸ್‌ನ ಮೊಮ್ಮಗ. 1306ರಲ್ಲಿ ರಾಜನಾಗಿ, 1314ರಲ್ಲಿ ಸ್ಟರ್ಲಿಂಗ್ ಹತ್ತಿರದ ಬ್ಯಾನಕ್‌ಬರ್ನ್‌ನಲ್ಲಿ ಗೆದ್ದ. (ಅವನ ಕಾಲಕ್ಕೆ ಹತ್ತಿರದ ಬರಹಗಳಲ್ಲಿ ಜೇಡದ ಸುಳಿವೇ ಇಲ್ಲ. ಆದರೂ ಕಥೆ ಒಳ್ಳೆಯದು, ಇರಲಿ.) ಅವನ ಮಗನೂ ಐದು ವರ್ಷಕ್ಕೇ ರಾಜ. ಆ ಮಗನಿಗೆ ಮಕ್ಕಳಾಗದೆ, ಬ್ರೂಸ್‌ನ ಮಗಳ ಮಗನಿಗೆ 1371ರಲ್ಲಿ ಪಟ್ಟ ಹೋಯಿತು. ಅವನ ಹಿರಿಯರು ತಲೆಮಾರುಗಳಿಂದ ಅರಮನೆಯ ಪಾರುಪತ್ಯೆಗಾರರು, ಇಂಗ್ಲಿಷಿನಲ್ಲಿ ಸ್ಟುವರ್ಡ್. ಆ ಹುದ್ದೆಯೇ ಸ್ಟುವರ್ಟ್ ವಂಶದ ಹೆಸರಾಯಿತು.

ನಾಡು ಇದನ್ನು ಮರೆಯಲಿಲ್ಲ ಎಂದು ನನ್ನ ತಿಳಿವಳಿಕೆ. ತೊಟ್ಟಿಲಲ್ಲಿ ಒಂದು ಮಗು ಇದ್ದರೆ ಜಗಳ ಅದನ್ನು ಎತ್ತಿಕೊಳ್ಳುವವರ ನಡುವೆ ಮಾತ್ರ. ತೊಟ್ಟಿಲು ಖಾಲಿಯಾದರೆ ಜಗಳಕ್ಕೆ ಪರದೇಶದ ದೊರೆಯೂ ಬರುತ್ತಾನೆ. ಅದಕ್ಕೇ ಆರು ದಿನದ ಹೆಣ್ಣುಮಗುವನ್ನೂ ಅವರು ಬಿಡಲಿಲ್ಲ. ಜೊತೆಗೆ ಒಂದು ಜಾಣ ಏರ್ಪಾಡು ಬೆಳೆಯಿತು. ಮೈನರ್ ಆಗಿದ್ದಾಗ ತನ್ನ ಹೆಸರಿನಲ್ಲಿ ಕೊಟ್ಟ ಭೂಮಿ, ದಾನಗಳನ್ನು ರಾಜ 25 ತುಂಬುವುದರೊಳಗೆ ರದ್ದು ಮಾಡಬಹುದಿತ್ತು. ಐದನೆಯ ಜೇಮ್ಸ್ 1537ರಲ್ಲಿ ಫ್ರಾನ್ಸಿನಲ್ಲಿದ್ದಾಗಲೂ ಗಡುವು ಮೀರದಂತೆ ಅಲ್ಲಿಂದಲೇ ರದ್ದಿಯಾತಿ ಘೋಷಿಸಿದ. ಗಾರ್ಡಿಯನ್ ಆದವನು ಒಂದು ದಿನ ಲೆಕ್ಕ ಒಪ್ಪಿಸಬೇಕು ಎಂಬ ಭಯ ಸರದಾರರಿಗೆ ಇತ್ತು ಎಂದಾಯಿತು.

1603ರಲ್ಲಿ ಇಂಗ್ಲೆಂಡಿನ ಎಲಿಜಬೆತ್ ರಾಣಿ ಮಕ್ಕಳಿಲ್ಲದೆ ತೀರಿಕೊಂಡಾಗ ಹತ್ತಿರದ ವಾರಸುದಾರ ನಮ್ಮ ಆರನೆಯ ಜೇಮ್ಸ್. ನೂರು ವರ್ಷ ಹಿಂದೆ, 1503ರಲ್ಲಿ, ಅವನ ಮುತ್ತಜ್ಜಿ ಮಾರ್ಗರೆಟ್ ಇಂಗ್ಲೆಂಡಿನಿಂದ ಸೊಸೆಯಾಗಿ ಬಂದಿದ್ದ ಫಲ. ಸುದ್ದಿ ಹೊತ್ತ ಸವಾರ ಮೂರು ದಿನದೊಳಗೆ ಎಡಿನ್‌ಬರೋ ಮುಟ್ಟಿದ. ಜೇಮ್ಸ್ ಲಂಡನ್ನಿಗೆ ಹೋಗಿ ಅಲ್ಲಿಗೆ ಒಂದನೆಯ ಜೇಮ್ಸ್ ಆದ. ಮೂರು ವರ್ಷಕ್ಕೊಮ್ಮೆ ಬರುತ್ತೇನೆ ಎಂದು ಹೇಳಿಹೋದವನು 22 ವರ್ಷದಲ್ಲಿ ಬಂದದ್ದು ಒಂದೇ ಸಲ, 1617ರಲ್ಲಿ. ಹುಟ್ಟಿದ ಆ ಪುಟ್ಟ ಕೋಣೆಗೆ ಬಣ್ಣ ಬಳಿದು ಚಿತ್ರ ಬಿಡಿಸಿದ್ದು ಆಗಲೇ. ಪರದೇಶಕ್ಕೆ ಹೋದ ಮಕ್ಕಳ ಮಾತು ಯಾವ ಕಾಲಕ್ಕೂ ಹಾಗೆಯೇ ಎಂದು ನಮ್ಮ ವಯಸ್ಸಿನವರು ನಗಬಹುದು.

ಈ ಲೆಕ್ಕದ ಅಂಕಿ ಇಂದಿಗೂ ಅವರಿಗೆ ಮುಖ್ಯ. ಸ್ಕಾಟ್ಲೆಂಡಿಗೆ ಮೊದಲ ಎಲಿಜಬೆತ್ ಎಂಬವಳೇ ಇರಲಿಲ್ಲ. ಆದ್ದರಿಂದ ‘ಎರಡನೆಯ ಎಲಿಜಬೆತ್’ ಎಂಬ ಗುರುತಿದ್ದ ಅಂಚೆ ಡಬ್ಬಿಯೊಂದನ್ನು ಎಡಿನ್‌ಬರೋದಲ್ಲಿ 1953ರಲ್ಲಿ ಸಿಡಿಸಿಯೇ ಬಿಟ್ಟರು! ಆಮೇಲೆ ಅಲ್ಲಿ ಇಟ್ಟ ಡಬ್ಬಿಗಳ ಮೇಲೆ ಸ್ಕಾಟ್ಲೆಂಡಿನ ಕಿರೀಟದ ಚಿತ್ರ ಮಾತ್ರ ಇದೆ. ಹೋದರೆ ಗಮನಿಸಿ.

ಲಂಡನ್ನಿಗೆ ಹೋದ ಕಲ್ಲಿನ ಕಥೆ ಬಾಕಿ ಇದೆ. ಸುಮಾರು 152 ಕಿಲೋ ತೂಕದ ಮರಳುಗಲ್ಲು. 1950ರ ಕ್ರಿಸ್‌ಮಸ್ ದಿನ ನಾಲ್ವರು ಸ್ಕಾಟಿಷ್ ವಿದ್ಯಾರ್ಥಿಗಳು ಅದನ್ನು ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಅಬೆಯಿಂದ ಹೊತ್ತುಕೊಂಡು ಬಂದರು. ಎಳೆಯುವಾಗ ಎರಡು ತುಂಡಾಯಿತು. ನಾಲ್ಕು ತಿಂಗಳಿಗೆ ಸಿಕ್ಕಿಬಿತ್ತು, ಮತ್ತೆ ಲಂಡನ್ನಿಗೆ ಹೋಯಿತು. 1996ರಲ್ಲಿ, ಸರಿಯಾಗಿ 700 ವರ್ಷದ ಮೇಲೆ, ಸರ್ಕಾರವೇ ಗೌರವದಿಂದ ವಾಪಸು ಕಳಿಸಿತು. 2024ರಿಂದ ಅದು ಪರ್ತ್ ಊರಿನ ಮ್ಯೂಸಿಯಮ್ಮಿನಲ್ಲಿದೆ.

ಪರ್ತ್‌ನಿಂದ ಎರಡು ಮೈಲಿಯಲ್ಲಿ ಸ್ಕೂನ್, ಆ ಕಲ್ಲಿನ ಮೂಲ ಜಾಗ. ಅಲ್ಲಿರುವುದು ಒಂದು ಪುಟ್ಟ ದಿಬ್ಬ. ಸರದಾರರು ತಂತಮ್ಮ ಊರಿನ ಮಣ್ಣನ್ನು ಬೂಟಿನಲ್ಲಿ ತುಂಬಿಕೊಂಡು ಬಂದು, ಸ್ವಂತ ನೆಲದ ಮೇಲೆ ನಿಂತೇ ರಾಜನಿಗೆ ಮಾತು ಕೊಟ್ಟು, ಬೂಟು ಕೊಡವಿ ಹೋಗುತ್ತಿದ್ದರಂತೆ. ಆ ಮಣ್ಣೇ ದಿಬ್ಬವಾಯಿತು ಎನ್ನುತ್ತಾರೆ. ಇಲ್ಲಿ ಕೊನೆಯ ಪಟ್ಟಾಭಿಷೇಕ ನಡೆದದ್ದು 1651ರ ಜನವರಿ 1ರಂದು, ಎರಡನೆಯ ಚಾರ್ಲ್ಸ್‌ನದು. ಈಗ ದಿಬ್ಬದ ಮೇಲೆ ಕಲ್ಲಿನ ಪ್ರತಿರೂಪವೊಂದನ್ನು ಇಟ್ಟಿದ್ದಾರೆ. ಯಾರು ಬೇಕಾದರೂ ಕೂರಬಹುದು. ಸುತ್ತ ನವಿಲುಗಳು ಓಡಾಡಿಕೊಂಡಿರುತ್ತವೆ. ಮೊಮ್ಮಗಳು ಕುಳಿತು ಫೋಟೋ ತೆಗೆಸಿಕೊಂಡಳು, ಇನ್ನೊಂದು ಎಂದಳು. ಹಿಂದೆ ಇನ್ನೂ ಆರು ಮಕ್ಕಳು ಸಾಲಾಗಿ ನಿಂತಿದ್ದರಿಂದ ಇಳಿಸಬೇಕಾಯಿತು.