ಹಚ್ಚಿದ್ದೇ ಹಚ್ಚಿದ್ದು!

ಬೆಳಗಾವಿಯಿಂದ ಧಾರವಾಡದತ್ತ ಹೆದ್ದಾರಿ ಹಿಡಿದರೆ ಮಲಪ್ರಭೆಯ ದಂಡೆಗೆ ಸಿಗುವ ಊರು ಎಂ.ಕೆ. ಹುಬ್ಬಳ್ಳಿ. ಪೂರ್ತಿ ಹೆಸರು ಮುಗಟಖಾನ ಹುಬ್ಬಳ್ಳಿ. ಅಲ್ಲಿಗೆ ಹೋದಾಗ ನನ್ನ ಜೊತೆಗೆ ಅಮೆರಿಕದಲ್ಲಿ ಹುಟ್ಟಿ ಬೆಳೆದ ನನ್ನ ಅಕ್ಕನ ಮಗಳಿದ್ದಳು. ಅಮೆರಿಕದ ಭಾನುವಾರದ ತರಗತಿಯಲ್ಲಿ ಕಲಿತು, ಮೈಸೂರಿನ ಅಜ್ಜಿಯಿಂದ ತಿದ್ದಿಸಿಕೊಂಡ ಕನ್ನಡ ಅವಳದು.

ಹೋಟೆಲಿನಲ್ಲಿ ಅವಳು, "ನನಗೆ ಒಂದು ಲೋಟ ಕಾಫಿ ಬೇಕಾಗಿದೆ" ಎಂದಳು. "ಕುಂದ್ರಿ ಅಕ್ಕಾರ, ಚಾ ಕುಡೀರಿ" ಎಂದ ಹುಡುಗ. ಅಷ್ಟರಲ್ಲಿ ಮಾಲೀಕರ ದನಿ: "ಪಂಖಾ ಹಚ್ಚಲೇ! ಗಾಡಿ ಆಚಿಕಡೆ ಹಚ್ಚಾಕ ಹೇಳು. ಆಮ್ಯಾಲ ಫೋನ್ ಹಚ್ತೀನಿ." ಹುಡುಗಿಯ ಕಣ್ಣು ಅರಳಿತು. ಅವಳಿಗೆ ಗೊತ್ತಿದ್ದದ್ದು ದೀಪ ಹಚ್ಚುವುದು, ಅಜ್ಜಿಯ ಜೊತೆ ಹುರುಳಿಕಾಯಿ ಹಚ್ಚುವುದು ಮಾತ್ರ. "ಮಾಮ, ಫೋನಿಗೂ ಬೆಂಕಿ ಹಚ್ಚುತ್ತಾರಾ?"

ಹೋಟೆಲಿಗೆ ಹೋಟೆಲೇ ನಕ್ಕಿತು. ಪಕ್ಕದ ಮೇಜಿನ ಹಿರಿಯರು ಪೇಟ ಸರಿಮಾಡಿಕೊಂಡು ಪಾಠ ಶುರುಮಾಡಿದರು: "ಎಣ್ಣಿ ಹಚ್ತೀವಿ, ಬಣ್ಣ ಹಚ್ತೀವಿ, ಮಕ್ಕಳನ್ನ ಸಾಲಿಗೆ ಹಚ್ತೀವಿ. ನಿನ್ನೂ ಇಲ್ಲೇ ಸಾಲಿಗೆ ಹಚ್ಚೂಣೇನವಾ?" ಅವಳು ತಡಮಾಡದೆ, "ಹಚ್ರಿ ಅಜ್ಜಾರ!" ಎಂದಳು. ಎಷ್ಟೋ ವರ್ಷದ ತರಗತಿ ಬಿಡಿಸದ ನಾಲಿಗೆಯನ್ನು ಒಂದು ಕಪ್ ಚಹಾ ಬಿಡಿಸಿದ್ದು ಕಂಡು ನಾನು ಬೆರಗಾದೆ.

ನದಿಯ ನಡುವೆ ಗಂಗಾಂಬಿಕೆಯ ಐಕ್ಯ ಮಂಟಪವಿದೆ. ಕಲ್ಯಾಣದ ಕ್ರಾಂತಿಯ ನಂತರ ಬಸವಣ್ಣನವರ ಈ ಮಡದಿ ಇಲ್ಲಿಯೇ ಐಕ್ಯಳಾದಳೆಂಬುದು ಜನರ ನಂಬಿಕೆ. ವಚನ ಬರೆದ ಶರಣೆ ಅವಳು. ಆಡುಮಾತೇ ಅನುಭಾವದ ಮಾತಾಗಬಲ್ಲದೆಂದು ಶರಣರು ತೋರಿಸಿಕೊಟ್ಟದ್ದು ನೆನಪಾಗಿ ಮೈ ಜುಮ್ಮೆಂದಿತು.

ಕಿತ್ತೂರೂ ಇಲ್ಲಿಗೆ ಹತ್ತಿರ. 1824ರ ಅಕ್ಟೋಬರಿನಲ್ಲಿ ಬ್ರಿಟಿಷ್ ಅಧಿಕಾರಿ ಥ್ಯಾಕರೆ ಹತನಾದಾಗ ಕಿತ್ತೂರಿನ ರಾಣಿ ಚೆನ್ನಮ್ಮನ ಪಡೆಗೆ ಸೆರೆ ಸಿಕ್ಕ ಬ್ರಿಟಿಷರಲ್ಲಿ 21ರ ಹರೆಯದ ವಾಲ್ಟರ್ ಎಲಿಯಟ್ ಒಬ್ಬ. ಬಿಡುಗಡೆಯಾದ ಮೇಲೂ ಅವನನ್ನು ಈ ನಾಡು ಬಿಡಲಿಲ್ಲ. ಮುಂದೆ ಅವನು ಕನ್ನಡ ನಾಡಿನ ನೂರಾರು ಶಾಸನಗಳ ಪ್ರತಿ ಮಾಡಿಸಿ ಸಂಗ್ರಹಿಸಿದ. ಆಳಲು ಬಂದವನನ್ನೂ ವಿದ್ಯಾರ್ಥಿಯಾಗಿಸಿದ ಸೀಮೆಯಿದು!

ಭಾಷೆ ಕಲಿಯುವವರಿಗೆ ತಪ್ಪು ತಿದ್ದುವವರಿಗಿಂತ ಮಾತಿಗೆ ಮಾತು ಕೊಡುವವರು ಬೇಕು. ಎಂ.ಕೆ. ಹುಬ್ಬಳ್ಳಿಯ ತುಂಬ ಅಂಥವರೇ. ಚೆನ್ನಮ್ಮನ ಸಮಾಧಿ ನೋಡಲು ಹೊರಟಾಗ ಬಸ್ಸಿನ ಬಾಗಿಲಲ್ಲಿ ಅವಳೇ ಕೇಳಿದಳು: "ಬೈಲಹೊಂಗಲಕ್ಕ ಹೊಂಟೈತೇನ್ರಿ?"

ಕಂಡಕ್ಟರ್ ತಲೆ ಎತ್ತಲೂ ಇಲ್ಲ. "ಹತ್ರಿ, ಲಗೂನ ಹತ್ರಿ" ಎಂದರು. ಹೊರಗಿನವಳೆಂದು ಅವರಿಗೆ ಅನ್ನಿಸಲೇ ಇಲ್ಲ! ಯಾವ ಪರೀಕ್ಷೆಯಲ್ಲಿ ಪಾಸಾದಾಗಲೂ ಅವಳು ಅಷ್ಟು ಹಿಗ್ಗಿದ್ದನ್ನು ನಾನು ಕಂಡಿಲ್ಲ.